ಹೀಬ್ರೂ ಸಾಲನ್ನು ಜೋಡಿಸುವವರು ಯಾರು?

ಹೀಬ್ರೂ ಬಲದಿಂದ ಎಡಕ್ಕೆ ಓದುವ ಲಿಪಿ. ಹಾಗಾಗಿ ಕಂಪ್ಯೂಟರ್ ಅದನ್ನು ಉಲ್ಟಾ ಬರೆದಿಟ್ಟುಕೊಳ್ಳುತ್ತದೆ, ಒಂದು ಹೀಬ್ರೂ ಫಾಂಟ್ ಹಾಕಿಬಿಟ್ಟರೆ ಕೆಲಸ ಮುಗಿಯಿತು ಎಂದು ತುಂಬಾ ಜನ ನಂಬಿದ್ದಾರೆ. ಪ್ರೋಗ್ರಾಮ್ ಬರೆಯುವವರ ಬಾಯಲ್ಲೂ ಇದೇ ಮಾತು ಕೇಳಿದಾಗ ನನಗೆ ಸುಮ್ನೆ ಇರಲು ಆಗುವುದಿಲ್ಲ. ಎರಡೂ ತಪ್ಪು.

ಕಂಪ್ಯೂಟರಿನ ಮೆಮೊರಿಯಲ್ಲಿ ಎಡ, ಬಲ ಎನ್ನುವುದೇ ಇಲ್ಲ. ಅಲ್ಲಿರುವುದು ಮೊದಲು ಮತ್ತು ಆಮೇಲೆ, ಅಷ್ಟೇ. ‘ಶಾಲೋಮ್’ ಎಂದು ಟೈಪ್ ಮಾಡಿದರೆ ಮೊದಲು ಶಿನ್, ಆಮೇಲೆ ಲಾಮೆದ್, ವಾವ್, ಕೊನೆಗೆ ಮೆಮ್. ಓದುವ ಕ್ರಮವೇ ಇಡುವ ಕ್ರಮ. ತೆರೆಯ ಮೇಲೆ ತೋರಿಸುವಾಗ ಮಾತ್ರ ಅವನ್ನು ಬಲಗಡೆಯಿಂದ ಜೋಡಿಸಬೇಕು. ಫಾಂಟ್ ಬರೀ ಅಚ್ಚುಮೊಳೆಗಳ ಪೆಟ್ಟಿಗೆ. ಮೊಳೆ ಜೋಡಿಸುವ ಕೈ ಬೇರೆಯೇ. ಆ ಕೆಲಸಕ್ಕಿರುವುದು ಫ್ರಿಬಿಡಿ, ಐಸಿಯು, ಹಾರ್ಫ್‌ಬಜ್ ಎಂಬ ಲೈಬ್ರರಿಗಳು, ಅಂದರೆ ಬೇರೆ ಪ್ರೋಗ್ರಾಮ್‌ಗಳು ಬಳಸಿಕೊಳ್ಳುವ ಸಿದ್ಧ ಕೋಡ್.

ಇಡೀ ಸಾಲನ್ನು ತಿರುಗಿಸಿದರೆ ಆಯ್ತಲ್ವಾ? ಆಗಲ್ಲ. ಹೀಬ್ರೂ ವಾಕ್ಯದ ನಡುವೆ 1948 ಎಂದು ಬಂದರೆ ಅಂಕೆಗಳು ಎಡದಿಂದಲೇ ಸಾಗಬೇಕು, ಇಲ್ಲವಾದರೆ ಅದು 8491 ಆಗುತ್ತದೆ. ಅದಕ್ಕೇ ಎಲ್ಲ ಭಾಷೆಗಳ ಅಕ್ಷರಗಳಿಗೂ ಸಂಕೇತ ಕೊಡುವ ಯುನಿಕೋಡ್ ಎಂಬ ಜಾಗತಿಕ ಮಾನದಂಡ ಪ್ರತಿಯೊಂದು ಅಕ್ಷರಕ್ಕೂ ದಿಕ್ಕಿನ ಗುಣವೊಂದನ್ನು ಕೊಟ್ಟಿದೆ. ಹೀಬ್ರೂ ಅಕ್ಷರ ಬಲದಿಂದ ಸಾಗುತ್ತದೆ, ಇಂಗ್ಲಿಷ್ ಮತ್ತು ಕನ್ನಡದ ಅಕ್ಷರ ಎಡದಿಂದ. ಇವುಗಳ ದಿಕ್ಕು ಗಟ್ಟಿ. ಅಂಕೆಗಳದ್ದು ದುರ್ಬಲ: ತಮ್ಮೊಳಗೆ ಎಡದಿಂದ ಸಾಲಾಗಿ ನಿಲ್ಲುತ್ತವೆ, ಆದರೆ ಅಕ್ಕಪಕ್ಕದವರ ದಿಕ್ಕನ್ನು ಬದಲಿಸುವುದಿಲ್ಲ. ಖಾಲಿ ಜಾಗಕ್ಕೂ ಆವರಣ ಚಿಹ್ನೆಗೂ ಸ್ವಂತ ದಿಕ್ಕಿಲ್ಲ. ಎರಡೂ ಬದಿಯಲ್ಲಿ ಒಂದೇ ದಿಕ್ಕಿನವರಿದ್ದರೆ ಅವರ ಜೊತೆ ಹೋಗುತ್ತವೆ, ಇಲ್ಲದಿದ್ದರೆ ಪ್ಯಾರಾದ ದಿಕ್ಕು ಹಿಡಿಯುತ್ತವೆ. ಆವರಣ ಚಿಹ್ನೆಯ ಬಾಯಿಯೂ ದಿಕ್ಕಿಗೆ ತಕ್ಕಂತೆ ತಿರುಗಬೇಕು.

ಹೀಬ್ರೂ ವಾಕ್ಯದ ಕೊನೆಯಲ್ಲಿ ‘ಸಿ++’ ಎಂಬ ಪ್ರೋಗ್ರಾಮಿಂಗ್ ಭಾಷೆಯ ಹೆಸರನ್ನು ಬರೆದು ನೋಡಿ. ತೆರೆಯ ಮೇಲೆ ‘++ಸಿ’ ಕಾಣುತ್ತದೆ. ಅಂಕೆಗಳ ನಡುವೆ ಇಲ್ಲದ ಕೂಡುವ ಚಿಹ್ನೆಗೆ ಸ್ವಂತ ದಿಕ್ಕಿಲ್ಲ, ಅದು ಪ್ಯಾರಾದ ಜೊತೆ ಎಡಕ್ಕೆ ಹೊರಟುಬಿಡುತ್ತದೆ. ಲೈಬ್ರರಿ ಇಲ್ಲಿ ತಪ್ಪು ಮಾಡಿಲ್ಲ, ನಿಯಮದಂತೆಯೇ ನಡೆದಿದೆ. ಕೊನೆಯಲ್ಲಿ ಕಣ್ಣಿಗೆ ಕಾಣದ ‘ಎಡದಿಂದ ಬಲಕ್ಕೆ’ ಗುರುತೊಂದನ್ನು ಸೇರಿಸಿದರೆ ಸರಿಹೋಗುತ್ತದೆ.

ಈ ನಿಯಮಗಳು ಎಲ್ಲ ಕಡೆ ಬರುವ ಮೊದಲು ಇಸ್ರೇಲಿನವರು ಪಟ್ಟ ಪಾಡು ದೊಡ್ಡದು. ಆಗ ಹೀಬ್ರೂವನ್ನು ಕಣ್ಣಿಗೆ ಕಾಣುವ ಕ್ರಮದಲ್ಲೇ, ಅಂದರೆ ನಿಜವಾಗಿಯೂ ಉಲ್ಟಾ, ಇಡುತ್ತಿದ್ದರು. 1993ರಲ್ಲಿ ಹೀಬ್ರೂ ಇಮೇಲ್‌ಗೆ ಬರೆದ ಇಂಟರ್ನೆಟ್ ನಿಯಮವೂ ಅದನ್ನೇ ಮಾಮೂಲು ಕ್ರಮವಾಗಿ ಒಪ್ಪಿಕೊಂಡಿತ್ತು. ಬ್ರೌಸರ್ ಕಿಟಕಿಯನ್ನು ಸ್ವಲ್ಪ ಕಿರಿದು ಮಾಡಿದರೆ ಸಾಕು, ಸಾಲು ಮುರಿದು ವಾಕ್ಯದ ಮೊದಲ ಅರ್ಧ ಕೆಳಗಿನ ಸಾಲಿಗೆ ಬೀಳುತ್ತಿತ್ತು! ಹಾಗಾಗಿ ಪುಟ ಮಾಡುವವರು ಪ್ರತಿ ಸಾಲನ್ನೂ ಕೈಯಿಂದಲೇ ಮುರಿಯಬೇಕಿತ್ತು. ಓದುವ ಕ್ರಮದಲ್ಲಿ ಟೈಪ್ ಮಾಡಿ ಹುಡುಕಿದರೆ ಪದ ಸಿಗುತ್ತಿರಲಿಲ್ಲ. 1999ರಲ್ಲಿ ಡೋವ್ ಗ್ರೋಬ್‌ಗೆಲ್ಡ್ ಯುನಿಕೋಡ್ ನಿಯಮವನ್ನು ಫ್ರಿಬಿಡಿ ಎಂಬ ಪುಟ್ಟ, ಮುಕ್ತ ಲೈಬ್ರರಿಯಾಗಿ ಬರೆದರು. ಇಂದು ವೀಡಿಯೊ ಪ್ಲೇಯರ್‌ಗಳಲ್ಲಿ ಹೀಬ್ರೂ ಸಬ್‌ಟೈಟಲ್ ಸರಿಯಾಗಿ ಮೂಡಿಸುವ ಕೆಲಸದಲ್ಲೂ ಅದರ ಪಾಲಿದೆ.

ಕಾಣುವ ರೂಪವನ್ನೇ ಉಳಿಸಿಡುವ ಈ ತಪ್ಪು ನಮಗೂ ಹೊಸದಲ್ಲ. ಹಳೆಯ ನುಡಿ ಫಾಂಟುಗಳಲ್ಲಿ ‘ಧರ್ಮ’ ಎಂದು ಬರೆದರೆ ಫೈಲಿನಲ್ಲಿ ಅರ್ಕಾವೊತ್ತು ‘ಮ’ ಆದಮೇಲೆ ಕೂರುತ್ತಿತ್ತು, ಕಣ್ಣಿಗೆ ಕಾಣುವಂತೆ. ಯುನಿಕೋಡ್‌ನಲ್ಲಿ ‘ರ’ ಮೊದಲು ಬರುತ್ತದೆ, ನಾವು ಉಚ್ಚರಿಸುವಂತೆ. ಅದನ್ನು ಹಿಂದಕ್ಕೆ ಸಾಗಿಸಿ ಅರ್ಕಾವೊತ್ತಾಗಿ ತೋರಿಸುವುದು ಹಾರ್ಫ್‌ಬಜ್. ಆಂಡ್ರಾಯ್ಡ್ ಫೋನಿನಲ್ಲಿ ಕನ್ನಡದ ಒತ್ತಕ್ಷರ ಮೂಡಿಸುವ ಲೈಬ್ರರಿಯೇ ಹೀಬ್ರೂ ಅಕ್ಷರಗಳಿಗೆ ‘ನಿಕ್ಕುದ್’ ಎಂಬ ಸ್ವರಚಿಹ್ನೆಗಳನ್ನೂ ಕೂರಿಸುತ್ತದೆ.

ಈ ನಿಕ್ಕುದ್‌ನಲ್ಲಿ ಮಾತ್ರ ಯುನಿಕೋಡ್ ಎಡವಿತು. ದಿನನಿತ್ಯದ ಹೀಬ್ರೂನಲ್ಲಿ ಇವನ್ನು ಜಾಸ್ತಿ ಬರೆಯುವುದಿಲ್ಲ, ಬೈಬಲ್‌ನಲ್ಲಿ ಬೇಕೇ ಬೇಕು. ಬೈಬಲ್‌ನಲ್ಲಿ ಜೆರುಸಲೇಮ್ ಹೆಸರನ್ನು ಬರೆಯುವಾಗ ಸಾಮಾನ್ಯವಾಗಿ ಲಾಮೆದ್ ಅಕ್ಷರವೊಂದಕ್ಕೇ ‘ಪತಾಹ್’, ‘ಹಿರಿಕ್’ ಎಂಬ ಎರಡು ಸ್ವರಚಿಹ್ನೆಗಳು ಈ ಕ್ರಮದಲ್ಲೇ ಬರುತ್ತವೆ. ಆದರೆ ಯುನಿಕೋಡ್ ಹಿರಿಕ್‌ಗೆ 14, ಪತಾಹ್‌ಗೆ 17 ಎಂಬ ಕ್ರಮಸಂಖ್ಯೆ ಕೊಟ್ಟಿದೆ. ಒಂದೇ ಪದವನ್ನು ಎಲ್ಲರೂ ಒಂದೇ ರೀತಿ ಉಳಿಸಲಿ ಎಂದು ಪಠ್ಯವನ್ನು ಏಕರೂಪ ಮಾಡುವಾಗ ಸಣ್ಣ ಸಂಖ್ಯೆ ಮುಂದೆ ಬರುತ್ತದೆ. ಹಿರಿಕ್ ಪತಾಹ್‌ಗಿಂತ ಮೊದಲಾಗಿಬಿಡುತ್ತದೆ. ಒಮ್ಮೆ ಕೊಟ್ಟ ಈ ಸಂಖ್ಯೆಗಳನ್ನು ಬದಲಿಸುವುದಿಲ್ಲ ಎಂದು ಯುನಿಕೋಡ್ ಮಾತು ಕೊಟ್ಟಿದೆ, ಹಳೆಯ ದಾಖಲೆಗಳು ಕೆಡಬಾರದು ನೋಡಿ. ಹಾಗಾಗಿ ಬೈಬಲ್ ಪಠ್ಯವನ್ನು ಸಿದ್ಧಪಡಿಸುವವರು ಆ ಎರಡು ಚಿಹ್ನೆಗಳ ನಡುವೆ ಕಾಣದ ಇನ್ನೊಂದು ಗುರುತನ್ನು ಇಡುತ್ತಾರೆ. ಅದರ ಸಂಖ್ಯೆ ಸೊನ್ನೆ. ಸೊನ್ನೆಯನ್ನು ದಾಟಿ ಯಾವ ಚಿಹ್ನೆಯೂ ಜಾಗ ಬದಲಿಸುವಂತಿಲ್ಲ, ಹಾಗಾಗಿ ಪತಾಹ್ ಮುಂದೆಯೇ ಉಳಿಯುತ್ತದೆ.