ಕರೆಂಟ್ ಹೋಗುವ ಊರಿಗೆ ಒಗ್ಗದ ಬ್ರೌಸರ್ ಸಲಹೆ

‘ಡಿಸ್ಕ್ ಕ್ಯಾಶ್ ಆಫ್ ಮಾಡಿ, ಮೆಮೊರಿ ಕ್ಯಾಶ್ ಜಾಸ್ತಿ ಮಾಡಿ, ಬ್ರೌಸರ್ ಓಡುತ್ತೆ.’ ಹಳೇ ಕಂಪ್ಯೂಟರ್ ಇಟ್ಟುಕೊಂಡವರಿಗೆ ಈ ಸಲಹೆ ಈಗಲೂ ಸಿಗುತ್ತದೆ. ಕ್ಯಾಶ್ ಎಂದರೆ ಒಮ್ಮೆ ಇಳಿದ ಪುಟದ ಭಾಗಗಳನ್ನು ಮತ್ತೆ ಬಳಸಲೆಂದು ಬ್ರೌಸರ್ ಇಟ್ಟುಕೊಳ್ಳುವ ಪ್ರತಿ; ಡಿಸ್ಕ್ ಕ್ಯಾಶ್ ಇರುವುದು ಹಾರ್ಡ್ ಡಿಸ್ಕ್‌ನಲ್ಲಿ, ಮೆಮೊರಿ ಕ್ಯಾಶ್ ಇರುವುದು ಕಂಪ್ಯೂಟರಿನ ತಾತ್ಕಾಲಿಕ ನೆನಪಾದ ರ‍್ಯಾಮ್‌ನಲ್ಲಿ. ಈ ಸಲಹೆ ಹುಟ್ಟಿದ ಕಾಲಕ್ಕೆ ತಪ್ಪೇನಲ್ಲ. ಆದರೆ ಮಳೆಗಾಲದಲ್ಲಿ ಮರ ಬಿದ್ದು ಕರೆಂಟ್ ಹೋಗುವ ಕೊಡಗಿನ ನಾಪೋಕ್ಲು, ಭಾಗಮಂಡಲದ ಕಡೆ ಅದನ್ನು ಪಾಲಿಸಿದರೆ ನಷ್ಟವೇ.

1994ರಲ್ಲಿ ಬಂದ ನೆಟ್‌ಸ್ಕೇಪ್ ನ್ಯಾವಿಗೇಟರ್‌ನಲ್ಲಿ ಎರಡೂ ಕ್ಯಾಶ್‌ಗಳ ಅಳತೆಯನ್ನು ಬಳಸುವವರೇ ನಿಗದಿಮಾಡಬಹುದಿತ್ತು. ಮೋಡೆಮ್ ನಿಧಾನ, ಹಾರ್ಡ್ ಡಿಸ್ಕ್ ಕೂಡ ನಿಧಾನ. ಒಮ್ಮೆ ಇಳಿದ ಚಿತ್ರ ರ‍್ಯಾಮ್‌ನಲ್ಲೇ ಉಳಿದರೆ ಲಾಭ ಕಣ್ಣಿಗೆ ಕಾಣುತ್ತಿತ್ತು. 2004ರ ಫೈರ್‌ಫಾಕ್ಸ್ 1.0ರಲ್ಲಿ ಅಬೌಟ್:ಕಾನ್ಫಿಗ್ ಎಂಬ ಒಳ ಸೆಟ್ಟಿಂಗ್ ಪುಟ ತೆರೆದು ‘ಬ್ರೌಸರ್.ಕ್ಯಾಶ್.ಮೆಮೊರಿ.ಕೆಪಾಸಿಟಿ’ (ಮೆಮೊರಿ ಕ್ಯಾಶ್‌ನ ಅಳತೆ) ತಿದ್ದುವುದು ಹಲವರಿಗೆ ರೂಢಿಯಾಯಿತು.

ಅಲ್ಲಿ ಮೊದಲೇ ಇರುವ ಅಂಕಿ -1. ಅಂದರೆ ರ‍್ಯಾಮ್ ನೋಡಿಕೊಂಡು ಬ್ರೌಸರೇ ತೀರ್ಮಾನಿಸುತ್ತದೆ: 1 ಜಿಬಿ ಇದ್ದರೆ 18 ಎಂಬಿ, 8 ಜಿಬಿ ಇದ್ದರೂ 32 ಎಂಬಿ ಅಷ್ಟೇ. ಇಷ್ಟು ಕಡಿಮೆ ಸಾಕೇ? ಈಚೆಗೆ ಓದಿದ ಡಿಸ್ಕ್ ಫೈಲುಗಳನ್ನು ಖಾಲಿ ರ‍್ಯಾಮ್‌ನಲ್ಲಿ ಇಟ್ಟುಕೊಳ್ಳುವ ಕೆಲಸವನ್ನು ವಿಂಡೋಸ್, ಲಿನಕ್ಸ್‌ಗಳೇ ಮಾಡುತ್ತವೆ. ಸಲಹೆ ಕೊಡುವವರು ಈ ಮಾತನ್ನೇ ಬಿಟ್ಟುಬಿಡುತ್ತಾರೆ.

ರ‍್ಯಾಮ್ ತಿನ್ನುವುದು ಈ ಕ್ಯಾಶ್ ಅಲ್ಲ, ತೆರೆದಿಟ್ಟ ಪುಟಗಳು. 2005ರ ಫೈರ್‌ಫಾಕ್ಸ್ 1.5 ಹಿಂದಿನ ಪುಟಗಳನ್ನು ಇಡಿಯಾಗಿ ಮೆಮೊರಿಯಲ್ಲಿ ಇಟ್ಟುಕೊಳ್ಳತೊಡಗಿತು. 2008ರಲ್ಲಿ ಬಂದ ಕ್ರೋಮ್ ಪುಟಗಳನ್ನು ಬೇರೆ ಬೇರೆ ಪ್ರಕ್ರಿಯೆಗಳಲ್ಲಿ, ಅಂದರೆ ಪ್ರತ್ಯೇಕವಾಗಿ ಓಡುವ ಪ್ರೋಗ್ರಾಮ್‌ಗಳಂತೆ, ನಡೆಸಿತು. ಒಂದು ಟ್ಯಾಬ್ ಕೆಟ್ಟರೆ ಉಳಿದವು ಬದುಕಿದವು, ರ‍್ಯಾಮ್ ಮಾತ್ರ ಹೆಚ್ಚು ಬೇಕಾಯಿತು. 4 ಜಿಬಿ ಕಂಪ್ಯೂಟರ್‌ನಲ್ಲಿ ಬೇಡದ ಟ್ಯಾಬ್ ಮುಚ್ಚುವುದರಿಂದ ಸಿಗುವ ಲಾಭ ಯಾವ ಸೆಟ್ಟಿಂಗ್‌ನಿಂದಲೂ ಸಿಗದು.

ಈಗ ಕೊಡಗಿನ ವಿಷಯ. ಕಾಫಿ ದರ ನೋಡುತ್ತಲೋ ಪಹಣಿ ತೆಗೆಯುತ್ತಲೋ ಇರುವಾಗ ಕರೆಂಟ್ ಹೋಯಿತು ಅನ್ನಿ. ರ‍್ಯಾಮ್‌ನಲ್ಲಿದ್ದದ್ದೆಲ್ಲ ಅಳಿಸಿಹೋಗುತ್ತದೆ. ಡಿಸ್ಕ್ ಕ್ಯಾಶ್ ಇದ್ದರೆ ಪುಟದ ಲಾಂಛನ, ಅಕ್ಷರವಿನ್ಯಾಸ, ಸ್ಕ್ರಿಪ್ಟ್‌ಗಳಲ್ಲಿ ಹೆಚ್ಚಿನವು ಅಲ್ಲೇ ಸಿಗುತ್ತವೆ. ಆಫ್ ಮಾಡಿದ್ದರೆ ಆ ಬಡ ನೆಟ್‌ವರ್ಕ್‌ನಲ್ಲೇ ಎಲ್ಲವೂ ಮತ್ತೆ ಇಳಿಯಬೇಕು. 2020ರಲ್ಲಿ ಕ್ರೋಮ್ 86, 2021ರಲ್ಲಿ ಫೈರ್‌ಫಾಕ್ಸ್ 85 ಗೋಪ್ಯತೆಗಾಗಿ ಪ್ರತಿ ತಾಣದ ಕ್ಯಾಶನ್ನು ಬೇರ್ಪಡಿಸಿದ ಮೇಲೆ, ಒಂದು ತಾಣಕ್ಕೆಂದು ಇಳಿದ ಫಾಂಟ್ ಇನ್ನೊಂದಕ್ಕೆ ಒದಗುವುದಿಲ್ಲ. ಹಾಗಾಗಿ ಡಿಸ್ಕ್‌ನಲ್ಲಿ ಉಳಿದದ್ದರ ಬೆಲೆ ಇನ್ನೂ ಹೆಚ್ಚಿದೆ. ‘ಕ್ಲೀನರ್’ ತಂತ್ರಾಂಶ ಹಾಕಿ ದಿನಾ ಕ್ಯಾಶ್ ಅಳಿಸುವುದನ್ನೂ ದಯವಿಟ್ಟು ಬಿಡಿ.

ಪರೀಕ್ಷಿಸಬೇಕೆಂದರೆ ಕ್ರೋಮ್‌ನಲ್ಲಿ ಎಫ್12 ಒತ್ತಿ, ನೆಟ್‌ವರ್ಕ್ ವಿಭಾಗ ತೆರೆದು ಪುಟವನ್ನು ಮತ್ತೆ ಲೋಡ್ ಮಾಡಿ. ಸೈಜ್ ಕಾಲಮ್‌ನಲ್ಲಿ ‘ಡಿಸ್ಕ್ ಕ್ಯಾಶ್’, ‘ಮೆಮೊರಿ ಕ್ಯಾಶ್’ ಎಂದು ಬಂದ ಸಾಲುಗಳು ನೆಟ್‌ವರ್ಕ್‌ನಿಂದ ಇಳಿದವಲ್ಲ. ಫೈರ್‌ಫಾಕ್ಸ್‌ನಲ್ಲಿ ಅಬೌಟ್:ಕ್ಯಾಶ್ ತೆರೆದರೆ ಎರಡರ ಬಳಕೆಯೂ ಕಾಣುತ್ತದೆ. ಹಿಂದೆ ಯಾರಾದರೂ ಸೆಟ್ಟಿಂಗ್ ತಿದ್ದಿದ್ದರೆ ಕೆಪಾಸಿಟಿಯನ್ನು -1ಕ್ಕೆ ತನ್ನಿ, ಡಿಸ್ಕ್ ಕ್ಯಾಶ್ ಆನ್ ಮಾಡಿ.