240 ದಿನ ತುಂಬಿದರೆ ನೌಕರಿ ಕಾಯಂ ಆಗುತ್ತದೆಯೇ?

ಪ್ರಶ್ನೆ: ಸರ್ಕಾರಿ ಕಚೇರಿಯೊಂದರಲ್ಲಿ ಎಂಟು ವರ್ಷಗಳಿಂದ ಗುತ್ತಿಗೆ ಮೇಲೆ ಡೇಟಾ ಎಂಟ್ರಿ ಆಪರೇಟರ್ ಆಗಿದ್ದೇನೆ. ಪ್ರತಿ ವರ್ಷವೂ 240 ದಿನಕ್ಕಿಂತ ಹೆಚ್ಚು ಹಾಜರಿ ಇದೆ. ಕಾನೂನಿನ ಪ್ರಕಾರ ನಾನು ಕಾಯಂ ಆದಂತೆಯೇ ಅಲ್ಲವೇ?
– ಓದುಗರು, ಜಮಖಂಡಿ

ಉತ್ತರ: ಇಲ್ಲ. ಇದೇ ಪ್ರಶ್ನೆ ಇಂಡಿಯಿಂದಲೂ ಗೋಕಾಕದಿಂದಲೂ ಬರುತ್ತಲೇ ಇದೆ, ಇದೇ ಉತ್ತರವನ್ನು ನಾನು ಬರೆಯುತ್ತಲೇ ಇದ್ದೇನೆ. ಈ ಸಲವಾದರೂ ದಯವಿಟ್ಟು ಪೂರ್ತಿ ಓದಿ.

240ರ ಲೆಕ್ಕ ಬಂದದ್ದು 1947ರ ಕೈಗಾರಿಕಾ ವಿವಾದ ಕಾಯ್ದೆಯಿಂದ; 2020ರ ಕೈಗಾರಿಕಾ ಸಂಬಂಧಗಳ ಸಂಹಿತೆಯಲ್ಲೂ ಅದು ಉಳಿದಿದೆ. ಹನ್ನೆರಡು ತಿಂಗಳಲ್ಲಿ 240 ದಿನ ದುಡಿದ ಕಾರ್ಮಿಕನ ಸೇವೆಯನ್ನು 'ನಿರಂತರ' ಎಂದು ಪರಿಗಣಿಸಬೇಕು, ಅವನನ್ನು ಕೆಲಸದಿಂದ ತೆಗೆಯುವ ಮುನ್ನ ಒಂದು ತಿಂಗಳ ನೋಟಿಸು ಅಥವಾ ಆ ತಿಂಗಳ ಸಂಬಳ ಕೊಡಬೇಕು, ಜೊತೆಗೆ ಪೂರ್ಣಗೊಂಡ ಪ್ರತಿ ವರ್ಷಕ್ಕೆ 15 ದಿನದ ವೇತನದಂತೆ ಪರಿಹಾರ ಕೊಡಬೇಕು ಎಂಬುದಷ್ಟೇ ಅದರ ಅರ್ಥ. ಅದು ಏಕಾಏಕಿ ತೆಗೆದುಹಾಕುವುದರ ವಿರುದ್ಧದ ರಕ್ಷಣೆಯೇ ಹೊರತು ಹುದ್ದೆಯ ಮೇಲಿನ ಹಕ್ಕಲ್ಲ. ನಿಗದಿತ ಅವಧಿಯ ಕರಾರು ತಾನಾಗಿ ಮುಗಿದರೆ ಆ ರಕ್ಷಣೆಯೂ ಸಾಮಾನ್ಯವಾಗಿ ಸಿಗುವುದಿಲ್ಲ.

ಸರ್ಕಾರಿ ಹುದ್ದೆ ಎಲ್ಲ ಅರ್ಹರಿಗೂ ಸಮಾನವಾಗಿ ತೆರೆದಿರಬೇಕು ಎನ್ನುತ್ತವೆ ಸಂವಿಧಾನದ 14 ಮತ್ತು 16ನೇ ವಿಧಿಗಳು. ಇದರ ಮೇಲೆಯೇ ಸುಪ್ರೀಂ ಕೋರ್ಟಿನ ಐವರು ನ್ಯಾಯಮೂರ್ತಿಗಳ ಪೀಠ 2006ರ ಏಪ್ರಿಲ್ 10ರಂದು ಉಮಾದೇವಿ ಪ್ರಕರಣದಲ್ಲಿ ತೀರ್ಪು ಕೊಟ್ಟಿತು. ಅದು ನಮ್ಮ ಕರ್ನಾಟಕದ್ದೇ ಪ್ರಕರಣ. ಎಷ್ಟೇ ವರ್ಷ ದುಡಿದಿದ್ದರೂ ಅದೊಂದರಿಂದಲೇ ಕಾಯಂ ಆಗುವ ಹಕ್ಕು ಹುಟ್ಟದು ಎಂದ ನ್ಯಾಯಾಲಯ, ಮಂಜೂರಾದ ಹುದ್ದೆಯಲ್ಲಿ, ಅರ್ಹತೆಯಿದ್ದು, ಯಾವುದೇ ಕೋರ್ಟಿನ ಆದೇಶದ ಆಸರೆಯಿಲ್ಲದೆ ಆ ಹೊತ್ತಿಗಾಗಲೇ ಹತ್ತು ವರ್ಷ ದುಡಿದವರನ್ನು ಒಂದು ಬಾರಿಗೆ ಸಕ್ರಮಗೊಳಿಸುವಂತೆ ಸೂಚಿಸಿತು. 'ಹತ್ತು ವರ್ಷವಾದರೆ ಕಾಯಂ' ಎಂಬ ಇನ್ನೊಂದು ನಂಬಿಕೆಯ ಮೂಲ ಇಲ್ಲಿದೆ.

'ಹಾಗಾದರೆ ಪೌರಕಾರ್ಮಿಕರು ಹೇಗೆ ಕಾಯಂ ಆದರು?' ಎಂದು ಕೇಳುತ್ತೀರಿ. ಅದಕ್ಕಾಗಿ ಸರ್ಕಾರವೇ ವಿಶೇಷ ನೇಮಕಾತಿ ನಿಯಮ ಮಾಡಿತು. ಆ ನಿಯಮದ ಹಿಂದೆ ಕಾರ್ಮಿಕರ ವರ್ಷಗಳ ಹೋರಾಟವಿತ್ತು. 240ರ ಹಾಜರಿ ಲೆಕ್ಕವಲ್ಲ.

ಇಷ್ಟಕ್ಕೇ ನಿರಾಶರಾಗಬೇಡಿ. 2024ರ ಡಿಸೆಂಬರ್ 20ರ ಜಗ್ಗೋ ತೀರ್ಪಿನಲ್ಲಿ ಸುಪ್ರೀಂ ಕೋರ್ಟ್, ಕೇಂದ್ರ ಜಲ ಆಯೋಗದ ಕಚೇರಿಯಲ್ಲಿ ದೀರ್ಘಕಾಲ ದುಡಿದ ಸ್ವಚ್ಛತಾ ಸಿಬ್ಬಂದಿ ಮತ್ತು ತೋಟದ ಕೆಲಸಗಾರರನ್ನು ಸಕ್ರಮಗೊಳಿಸಲು ಆದೇಶಿಸಿ, ನಿರಂತರವಾಗಿ ಅಗತ್ಯವಿರುವ ಕೆಲಸ ಮಾಡಿದವರನ್ನು ಹೊರದಬ್ಬಲು ಉಮಾದೇವಿ ತೀರ್ಪನ್ನು ಆಯುಧ ಮಾಡಿಕೊಳ್ಳಬಾರದೆಂದಿತು. ಆದರೆ ಅವರು ಇಲಾಖೆಯೇ ನೇರವಾಗಿ ತೆಗೆದುಕೊಂಡವರು. ನಿಮ್ಮನ್ನು ಇಲಾಖೆ ನೇಮಿಸಿದೆಯೋ ಏಜೆನ್ಸಿ ನೇಮಿಸಿದೆಯೋ ಎಂಬುದನ್ನು ನೀವು ಬರೆದಿಲ್ಲ. ಎಲ್ಲವೂ ಅದರ ಮೇಲೆಯೇ ನಿಂತಿದೆ. ನೇರ ನೇಮಕವಾಗಿದ್ದು ಕಾಯಂ ನೌಕರರು ಮಾಡುವ ಕೆಲಸವನ್ನೇ ಮಾಡುತ್ತಿದ್ದರೆ, 2016ರ ಜಗಜೀತ್ ಸಿಂಗ್ ತೀರ್ಪಿನಂತೆ ಅವರ ವೇತನ ಶ್ರೇಣಿಯ ಕನಿಷ್ಠ ಮೊತ್ತವನ್ನಾದರೂ ಕೇಳಬಹುದು. ಹೊರಗುತ್ತಿಗೆಯಾಗಿದ್ದರೆ, ಏಜೆನ್ಸಿ ಸಂಬಳ ಕೊಡದಾಗ ಅದನ್ನು ಕೊಡಿಸುವ ಹೊಣೆ ಇಲಾಖೆಯದು. ಪಿಎಫ್‌ನಲ್ಲಿ ಮಾಲೀಕರ ಪಾಲನ್ನೂ ನಿಮ್ಮ ಸಂಬಳದಲ್ಲೇ ಮುರಿಯುವುದು ಕಾನೂನುಬಾಹಿರ. ನೇಮಕಾತಿ ಆದೇಶ, ಹಾಜರಿಯ ನಕಲು, ಬ್ಯಾಂಕ್ ಪಾಸ್‌ಬುಕ್ ಜೋಪಾನವಾಗಿಡಿ. ಹೈಕೋರ್ಟಿಗೆ ಹೋಗುವ ಪ್ರಸಂಗ ಬಂದರೆ ಬೆಳಗಾವಿ, ಬಾಗಲಕೋಟೆಯವರಿಗೆ ಧಾರವಾಡ ಪೀಠ, ವಿಜಯಪುರದವರಿಗೆ ಕಲಬುರಗಿ ಪೀಠ.

ಇಷ್ಟು ಪತ್ರಗಳಲ್ಲಿ ಒಬ್ಬ ಹೆಣ್ಣುಮಗಳೂ ಕೇಳದ ಪ್ರಶ್ನೆಯೊಂದಿದೆ: ಹೆರಿಗೆ ರಜೆ. ಹೆರಿಗೆಯ ನಿರೀಕ್ಷಿತ ದಿನಕ್ಕೆ ಮುಂಚಿನ ಹನ್ನೆರಡು ತಿಂಗಳಲ್ಲಿ 80 ದಿನ ದುಡಿದಿದ್ದರೆ ಸಾಕು, ಮೊದಲೆರಡು ಮಕ್ಕಳಿಗೆ 26 ವಾರಗಳ ವೇತನಸಹಿತ ರಜೆ ದೊರೆಯಬೇಕು. ದಿನಗೂಲಿಯವರಿಗೂ ಇದು ಅನ್ವಯಿಸುತ್ತದೆಂದು 2000ದಲ್ಲೇ ತೀರ್ಮಾನವಾಗಿದೆ. ರಜೆಯ ನಡುವೆ ಮಾರ್ಚ್ 31ಕ್ಕೆ ಕರಾರು ಮುಗಿದರೆ? ದೆಹಲಿ ಸರ್ಕಾರದ ಆಸ್ಪತ್ರೆಯ ಗುತ್ತಿಗೆ ವೈದ್ಯೆಯೊಬ್ಬರ ಪ್ರಕರಣದಲ್ಲಿ 2023ರಲ್ಲಿ ಸುಪ್ರೀಂ ಕೋರ್ಟ್, ಕರಾರಿನ ಅವಧಿ ಮುಗಿದರೂ ಉಳಿದ ವಾರಗಳ ಸೌಲಭ್ಯ ಕೊಡಲೇಬೇಕೆಂದು ಹೇಳಿದೆ. ಆದ್ದರಿಂದ ಬಾಯಿಮಾತಿನಲ್ಲಿ ಹೇಳಿ ಮನೆಗೆ ಹೋಗಬೇಡಿ; ಅರ್ಜಿಯನ್ನು ಬರೆದು ಕೊಟ್ಟು, ನಕಲಿನ ಮೇಲೆ ಸ್ವೀಕೃತಿಯ ಮೊಹರು ಹಾಕಿಸಿಕೊಳ್ಳಿ.