ದುಡಿಮೆ ಯಾರದು, ದುಡ್ಡು ಯಾರದು: ಟ್ರೆವರ್ ರೋನ್ ಬರೆದ ಜಮೈಕಾ

1962ರ ಆಗಸ್ಟ್ 6ರಂದು ಜಮೈಕಾಗೆ ಸ್ವಾತಂತ್ರ್ಯ ಬಂತು. ಅದೇ ವರ್ಷ ತೆರೆಕಂಡ ಮೊದಲ ಜೇಮ್ಸ್ ಬಾಂಡ್ ಚಿತ್ರದ ಶೂಟಿಂಗ್ ನಡೆದದ್ದೂ ಅಲ್ಲೇ. ಕಡಲು, ಮರಳು ಎಲ್ಲ ಚೆನ್ನಾಗಿ ಕಂಡಿತ್ತು. ಕಥೆ ಮಾತ್ರ ಹೊರಗಿನವರದು.

ಆ ಕೊರತೆ ನೀಗಲು ಕೂತು ಬರೆದವರಲ್ಲಿ ನಾಟಕಕಾರ ಟ್ರೆವರ್ ರೋನ್ ಮುಖ್ಯರು. 1940ರಲ್ಲಿ ಹುಟ್ಟಿದ ಅವರು ಬೆಳೆದದ್ದು ಬೆಲ್ಲಾಸ್ ಗೇಟ್ ಎಂಬ ಹಳ್ಳಿಯಲ್ಲಿ. ಇಂಗ್ಲೆಂಡಿನಲ್ಲಿ ನಾಟಕ ಕಲಿತು ಊರಿಗೆ ಮರಳಿದರು. 1965ರಲ್ಲಿ ಗೆಳೆಯರ ಜೊತೆ ಸೇರಿ ಕಿಂಗ್‌ಸ್ಟನ್‌ನ ಒಂದು ಗ್ಯಾರೇಜನ್ನೇ ರಂಗಮಂದಿರ ಮಾಡಿಕೊಂಡರು. ಹೆಸರು 'ಬಾರ್ನ್'. ಊರವರ ಮಾತು ಊರವರಿಗೇ ಕೇಳಿಸಬೇಕು ಅನ್ನುವ ಹಟ ಅವರದು.

ಆ ಹಟ ಪರದೆಗೂ ಬಂದದ್ದು 1972ರಲ್ಲಿ. ನಿರ್ದೇಶಕ ಪೆರ್ರಿ ಹೆನ್ಜೆಲ್ ಜೊತೆ ರೋನ್ ಬರೆದ 'ದಿ ಹಾರ್ಡರ್ ದೇ ಕಮ್' ಜಮೈಕಾದವರೇ ಮಾಡಿದ ಮೊದಲ ಕಥಾಚಿತ್ರ. 1948ರಲ್ಲಿ ಪೊಲೀಸರ ಗುಂಡಿಗೆ ಬಲಿಯಾದ ರೈಗಿಂಗ್ ಎಂಬ ದರೋಡೆಕೋರನ ನೆನಪು ಅದರ ಹಿಂದಿದೆ. ಚಿತ್ರದ ನಾಯಕ ಐವನ್ ಮಾತ್ರ ಹಾಡುವ ಆಸೆ ಹೊತ್ತು ಪೇಟೆಗೆ ಬಂದ ಹಳ್ಳಿ ಹುಡುಗ. ಹಾಡು ರೆಕಾರ್ಡ್ ಆಗುತ್ತದೆ. ನಿರ್ಮಾಪಕ ಕೊಡುವುದು 20 ಡಾಲರ್. ಐವನ್ ಮೊದಲು ಒಪ್ಪುವುದಿಲ್ಲ. ತಾನೇ ಮಾರುತ್ತೇನೆಂದು ಅಲೆಯುತ್ತಾನೆ. ಆ ನಿರ್ಮಾಪಕನ ಮಾತಿಲ್ಲದೆ ಯಾರೂ ಹಾಡು ಹಾಕುವುದಿಲ್ಲ. ಕೊನೆಗೆ ವಾಪಸ್ ಬಂದು ಅದೇ 20 ಡಾಲರಿಗೆ ಸಹಿ ಹಾಕುತ್ತಾನೆ. ಸ್ವತಂತ್ರ ದೇಶದಲ್ಲಿ ಬಡವನ ದುಡಿಮೆಗೆ ಬೆಲೆ ಕಟ್ಟುವವರು ಯಾರು ಅನ್ನುವುದು ಇಷ್ಟರಲ್ಲೇ ಅರ್ಥವಾಗುತ್ತದೆ. ಒಂದು ಭಾಷಣವೂ ಬೇಕಾಗಲಿಲ್ಲ. ಕಿಂಗ್‌ಸ್ಟನ್‌ನಲ್ಲಿ ಮೊದಲ ಪ್ರದರ್ಶನಕ್ಕೆ ಜನ ನುಗ್ಗಿ ಬಂದದ್ದರಲ್ಲಿ ಆಶ್ಚರ್ಯವೇನಿದೆ? ತಮ್ಮ ಬೀದಿ, ತಮ್ಮ ಮಾತು ಪರದೆ ಮೇಲೆ ಬಂದಿತ್ತು.

ಮುಂದೆ ರೋನ್ ತಮ್ಮದೇ ನಾಟಕ 'ಸ್ಮೈಲ್ ಆರೆಂಜ್' ಅನ್ನು 1976ರಲ್ಲಿ ಸಿನಿಮಾ ಮಾಡಿದರು. ಅದರ ಹೋಟೆಲ್ ವೇಟರ್ ರಿಂಗೋ ಪ್ರವಾಸಿಗರ ಮುಂದೆ ಹಲ್ಲು ಕಿರಿಯುತ್ತಾನೆ, ಅವರಿಂದ ದುಡ್ಡು ಕೀಳುವ ದಾರಿಯನ್ನೂ ಹುಡುಕುತ್ತಾನೆ. ನಗು ಉಕ್ಕುತ್ತದೆ. ಆದರೆ ಹೊಟ್ಟೆಪಾಡಿಗಾಗಿ ದಿನವಿಡೀ ನಗಬೇಕಾದವರ ಅವಮಾನವನ್ನು ರೋನ್ ಮುಚ್ಚಿಡಲಿಲ್ಲ. 1988ರ 'ಮಿಲ್ಕ್ ಅಂಡ್ ಹನಿ'ಯಲ್ಲಿ ಇದೇ ದುಡಿಮೆ ದೇಶ ದಾಟುತ್ತದೆ. ತನ್ನ ಮಗನನ್ನು ಜಮೈಕಾದಲ್ಲಿ ಬಿಟ್ಟ ತಾಯಿ ಟೊರೊಂಟೊದಲ್ಲಿ ಬೇರೆಯವರ ಮಕ್ಕಳನ್ನು ನೋಡಿಕೊಳ್ಳುತ್ತಾಳೆ. ಗ್ಲೆನ್ ಸಾಲ್ಜ್‌ಮನ್ ಜೊತೆ ಬರೆದ ಈ ಚಿತ್ರಕಥೆಗೆ ಕೆನಡಾದ ಸಿನಿಮಾ ಪ್ರಶಸ್ತಿ ಜಿನೀ ಬಂತು.

ನನಗೆ ಎಲ್ಲಕ್ಕಿಂತ ಜಾಸ್ತಿ ಕಾಡುವುದು ಅವರ ನಾಟಕ 'ಓಲ್ಡ್ ಸ್ಟೋರಿ ಟೈಮ್'. ಇಲ್ಲಿ ಅನ್ಯಾಯ ಹೊರಗಿನವರದಲ್ಲ, ಮನೆಯೊಳಗಿನದು. ಮಗ ಬಿಳಿಚರ್ಮಕ್ಕೆ ಹತ್ತಿರದ ಹುಡುಗಿಯನ್ನೇ ಮದುವೆಯಾಗಲಿ ಅಂತ ಕಪ್ಪು ತಾಯಿಯ ಆಸೆ. ಕಪ್ಪು ಸೊಸೆ ಬಂದಾಗ ಆಕೆಯ ಮೇಲೆ ಮಾಟ ಮಾಡಿಸುತ್ತಾಳೆ. ಗುಲಾಮಗಿರಿ ಕಾಲದ ಬಣ್ಣದ ಲೆಕ್ಕ ಪ್ರೀತಿಸುವ ತಾಯಿಯ ತಲೆಯಲ್ಲೂ ಉಳಿದುಬಿಟ್ಟಿತ್ತು. ರೋನ್ ಆಕೆಯನ್ನು ಖಳನಾಯಕಿ ಮಾಡಲಿಲ್ಲ. ಆ ದ್ವೇಷ ಎಲ್ಲಿಂದ ಬಂತೆಂದು ತೋರಿಸಿದರು. 2009ರಲ್ಲಿ ಅವರು ತೀರಿಕೊಂಡರು. ಜಮೈಕಾದಲ್ಲಿ ಚರ್ಮ ಬಿಳಿಯಾಗಿಸುವ ಕ್ರೀಮುಗಳು ಇವತ್ತಿಗೂ ಮಾರಾಟವಾಗುತ್ತಿವೆ.